ಸಿಗದ ವ್ಯಾಯಾಮ ವಿಡಿಯೊ: ದೋಷ ಎಲ್ಲಿದೆ ಎಂದು ಪತ್ತೆ ಹಚ್ಚುವುದು ಹೇಗೆ?

ಮಾರಾಟ ನಿಂತುಹೋದ ಮನೆ-ವ್ಯಾಯಾಮದ ವಿಡಿಯೊ ಹುಡುಕುವವರ ದೂರು ಒಂದೇ: ‘ಎಲ್ಲೂ ಸಿಗುತ್ತಿಲ್ಲ’. ಈ ಒಂದು ಮಾತಿನ ಹಿಂದೆ ಬೇರೆ ಬೇರೆ ದೋಷಗಳು ಅಡಗಿರುತ್ತವೆ. ಹುಡುಕುತ್ತಿರುವ ಹೆಸರೇ ತಪ್ಪಿರಬಹುದು. ಹೆಸರು ಸರಿಯಿದ್ದರೂ ಅಪ್‌ಲೋಡ್ ಮಾಡಿದವರು ಬೇರೇನೋ ಬರೆದಿರಬಹುದು. ಇದ್ದದ್ದನ್ನು ಆಮೇಲೆ ತೆಗೆದಿರಬಹುದು. ಫೈಲ್ ಸಿಕ್ಕಿಯೂ ಓಡದಿರಬಹುದು, ಓಡಿಯೂ ಬೋಧಕರ ದನಿ ಕೇಳಿಸದಿರಬಹುದು. ಒಂದೊಂದಕ್ಕೂ ಮದ್ದು ಬೇರೆ. ಯಾವುದು ಎಂದು ತಿಳಿಯದೆ ಹತ್ತು ತಾಣಗಳಲ್ಲಿ ಅದೇ ಪದ ಟೈಪ್ ಮಾಡುತ್ತಾ ಕೂತರೆ ಸಂಜೆ ಕಳೆಯುತ್ತದೆ, ವಿಡಿಯೊ ಸಿಗುವುದಿಲ್ಲ. ಹೆಚ್ಚಿನವರು ಎಡವುವುದು ಮೊದಲ ಮೆಟ್ಟಿಲಲ್ಲೇ, ಅಂದರೆ ಹೆಸರಿನಲ್ಲೇ. ಹಾಗಾಗಿ ಅಲ್ಲಿ ಸ್ವಲ್ಪ ಹೆಚ್ಚು ಹೊತ್ತು ನಿಲ್ಲೋಣ.

ಹೆಸರು ನೆನಪಿದೆ, ಆದರೆ ಅದು ಹೆಸರಲ್ಲ

1982ರಲ್ಲಿ ಹಾಲಿವುಡ್ ನಟಿ ಜೇನ್ ಫೋಂಡಾ ಅವರ ಮೊದಲ ವ್ಯಾಯಾಮದ ಕ್ಯಾಸೆಟ್ ಬಂದು ಭರ್ಜರಿಯಾಗಿ ಮಾರಾಟವಾದ ಮೇಲೆ ಈ ಮಾರುಕಟ್ಟೆಗೆ ದೊಡ್ಡವರು, ಚಿಕ್ಕವರು ಎಲ್ಲರೂ ಇಳಿದರು. ಸಣ್ಣ ವಿತರಕ ಮುಚ್ಚಿದ, ಅವನ ಸರಕು ಇನ್ನೊಬ್ಬನ ಕೈಸೇರಿತು, ಅವನು ಹೊಸ ಕವರ್ ಹಾಕಿ ಹೊಸ ಹೆಸರಿಟ್ಟ. ಡಿವಿಡಿ ಕಾಲ ಬಂದಾಗ 30 ನಿಮಿಷದ ಎರಡು ಕ್ಯಾಸೆಟ್ ಸೇರಿ ಒಂದು ತಟ್ಟೆಯಾಯಿತು, ಅದಕ್ಕೆ ಮೂರನೇ ಹೆಸರು. ನಿಮ್ಮ ನೆನಪಿನಲ್ಲಿ ಇರುವುದು ಬಹುಶಃ ಇದ್ಯಾವುದೂ ಅಲ್ಲ. ಕವರಿನ ಮೇಲಿನ ಘೋಷವಾಕ್ಯವೋ, ಮೊದಲ ಭಾಗದ ಹೆಸರೋ ಆಗಿರುತ್ತದೆ.

ಆದ್ದರಿಂದ ಹುಡುಕಾಟಕ್ಕೆ ಮುಂಚೆ ಐದು ವಿವರ ಕಲೆಹಾಕಿ: ಬೋಧಕರ ಪೂರ್ಣ ಹೆಸರು, ವಿತರಕ ಕಂಪನಿ, ಕವರ್ ಮೇಲಿನ ವರ್ಷ, ಅವಧಿ, ಪಕ್ಕೆಯ ಮೇಲೆ ಸಣ್ಣದಾಗಿ ಅಚ್ಚಾದ ಕ್ಯಾಟಲಾಗ್ ಸಂಖ್ಯೆ. ಬಾರ್‌ಕೋಡ್ ಇದ್ದರೆ ಇನ್ನೂ ಒಳ್ಳೆಯದು. ಅಮೆರಿಕದ ಯುಪಿಸಿ ಕೋಡಿಗೆ 12 ಅಂಕೆ, ಬೇರೆ ಕಡೆಯ ಇಎಎನ್ ಕೋಡಿಗೆ 13. ಅಮೆರಿಕದ ಕೋಡಿನ ಮುಂದೆ ಒಂದು ಸೊನ್ನೆ ಸೇರಿಸಿದರೆ ಅದೇ 13 ಅಂಕೆಯ ಕೋಡ್ ಆಗುತ್ತದೆ. ಕೆಲವು ಪಟ್ಟಿಗಳು 12ಕ್ಕೆ ಓಗೊಡುತ್ತವೆ, ಕೆಲವು 13ಕ್ಕೆ. ಎರಡನ್ನೂ ಹಾಕಿ ನೋಡಬೇಕು.

ಕವರ್ ಕೈಯಲ್ಲಿ ಇಲ್ಲದಿದ್ದರೆ ವಿವರವನ್ನು ಹೊರಗಿನಿಂದ ತರಬೇಕು. ಗ್ರಂಥಾಲಯಗಳ ಒಟ್ಟು ಸೂಚಿಯಾದ ವರ್ಲ್ಡ್‌ಕ್ಯಾಟ್‌ನಲ್ಲಿ ಬೋಧಕರ ಹೆಸರು ಹಾಕಿ, ಸ್ವರೂಪದ ಜಾಗದಲ್ಲಿ ವಿಡಿಯೊ ಆರಿಸಿ. ಎಲ್‌ಡಿಡಿಬಿ ಎಂಬ ತಾಣ ಲೇಸರ್‌ಡಿಸ್ಕ್‌ಗೆ ಹೆಸರಾದರೂ ವಿಎಚ್‌ಎಸ್, ಡಿವಿಡಿಗಳನ್ನೂ ದಾಖಲಿಸುತ್ತದೆ. ಅಮೆರಿಕದಲ್ಲಿ ಹೊರಬಂದದ್ದಾದರೆ ಅಲ್ಲಿನ ಕಾಪಿರೈಟ್ ಕಚೇರಿಯ ದಾಖಲೆಗಳು 1978ರಿಂದ ಈಚೆಗಿನವು ಆನ್‌ಲೈನ್‌ನಲ್ಲಿವೆ. ನೋಂದಣಿಯಾದ ಹೆಸರು, ಹಕ್ಕುದಾರರು, ಕೆಲವೊಮ್ಮೆ ಪರ್ಯಾಯ ಹೆಸರೂ ಅಲ್ಲಿ ಸಿಗುತ್ತದೆ. ಇನ್ನೊಂದು ಗಣಿ ‘ಬಿಲ್‌ಬೋರ್ಡ್’ ವಾರಪತ್ರಿಕೆ. ಅದರ ವಿಡಿಯೊ ಪಟ್ಟಿಗಳಲ್ಲಿ ಹೆಸರಿನ ಜೊತೆ ಕಂಪನಿ, ಕ್ಯಾಟಲಾಗ್ ಸಂಖ್ಯೆಯೂ ಅಚ್ಚಾಗುತ್ತಿತ್ತು. ಹಳೆಯ ಸಂಚಿಕೆಗಳ ಸ್ಕ್ಯಾನ್‌ಗಳು ವರ್ಲ್ಡ್ ರೇಡಿಯೊ ಹಿಸ್ಟರಿ ತಾಣದಲ್ಲಿವೆ.

ವರ್ಷದ ವಿಷಯದಲ್ಲಿ ಒಂದು ಎಚ್ಚರಿಕೆ. ಕವರ್ ಮೇಲಿರುವುದು ಆ ಆವೃತ್ತಿಯ ವರ್ಷ, ಚಿತ್ರೀಕರಣದ ವರ್ಷವಲ್ಲ. 2004 ಎಂದಿರುವ ಡಿವಿಡಿಯೊಳಗೆ 1991ರ ಕ್ಯಾಸೆಟ್ ಇರುವುದು ತೀರಾ ಸಾಮಾನ್ಯ. ಕೇಶಶೈಲಿ ನೋಡಿ ಊಹಿಸುವುದು ಕೆಲವೊಮ್ಮೆ ಕವರ್‌ಗಿಂತ ನಂಬಿಕಸ್ಥ.

ಇಂಟರ್ನೆಟ್ ಆರ್ಕೈವ್‌ನಲ್ಲಿ ಫಲಿತಾಂಶ ಸೊನ್ನೆ

1996ರಲ್ಲಿ ಬ್ರೂಸ್ಟರ್ ಕಾಲ್ ಶುರುಮಾಡಿದ ಉಚಿತ ಆನ್‌ಲೈನ್ ಗ್ರಂಥಾಲಯ ಇಂಟರ್ನೆಟ್ ಆರ್ಕೈವ್‌ನಲ್ಲಿ ಹಳೆಯ ಕ್ಯಾಸೆಟ್‌ಗಳಿಗೆಂದೇ ‘ವಿಎಚ್‌ಎಸ್ ವಾಲ್ಟ್’ ಎಂಬ ಸಂಗ್ರಹವಿದೆ. ಇಲ್ಲಿ ತಿಳಿದುಕೊಳ್ಳಬೇಕಾದ್ದು ಇಷ್ಟೇ: ಹುಡುಕು ಪೆಟ್ಟಿಗೆ ವಿಡಿಯೊದ ಒಳಗೆ ನೋಡುವುದಿಲ್ಲ, ಅಪ್‌ಲೋಡ್ ಮಾಡಿದವರು ಬರೆದಿಟ್ಟ ಮೆಟಾಡೇಟಾವನ್ನು, ಅಂದರೆ ಶೀರ್ಷಿಕೆ, ವಿವರಣೆಯಂಥ ಮಾಹಿತಿಯನ್ನು ಮಾತ್ರ ನೋಡುತ್ತದೆ. ಬರೆದವರು ‘ಹಳೆಯ ಕ್ಯಾಸೆಟ್‌ಗಳು, ಪೆಟ್ಟಿಗೆ 3’ ಎಂದಷ್ಟೇ ಬರೆದಿದ್ದರೆ ನೀವು ನಿಖರವಾದ ಶೀರ್ಷಿಕೆ ಹಾಕಿದರೂ ಸೊನ್ನೆಯೇ.

ಪರೀಕ್ಷೆ ಹೀಗೆ ಮಾಡಿ. ಮೊದಲು ಪೂರ್ತಿ ಶೀರ್ಷಿಕೆ ಬಿಟ್ಟು ಅದರಲ್ಲಿನ ಅತಿ ಅಪರೂಪದ ಒಂದೇ ಪದ ಹಾಕಿ. ಬಂದ ಫಲಿತಾಂಶವನ್ನು ‘ಮೂವೀಸ್’ ಮಾಧ್ಯಮಕ್ಕೆ ಸೀಮಿತಗೊಳಿಸಿ. ಬರಲಿಲ್ಲವೇ? ಪದದ ಅರ್ಧ ಬರೆದು ಕೊನೆಗೆ ನಕ್ಷತ್ರ ಚಿಹ್ನೆ ಹಾಕಿ. ಇಂಗ್ಲಿಷ್ ಶೀರ್ಷಿಕೆಗಳಲ್ಲಿ ಅಪಾಸ್ಟ್ರಫಿ, ‘ಆಂಡ್’ ಬದಲು ಬರುವ ಚಿಹ್ನೆ, ಅಂಕೆಯೋ ಅಕ್ಷರವೋ ಎಂಬ ಗೊಂದಲ, ಕೂಡಿಸಿ ಬರೆದ ಪದ, ಇವೇ ಹುಡುಕಾಟ ಕೆಡಿಸುವ ನಾಲ್ಕು ಮುಳ್ಳುಗಳು. ಆಮೇಲೆ ಬೋಧಕರ ಹೆಸರು. ಅದನ್ನು ‘ಕ್ರಿಯೇಟರ್’ ಅಂಕಣಕ್ಕೆ ಮಾತ್ರ ಕಟ್ಟಿಹಾಕಬೇಡಿ. ಅಪ್‌ಲೋಡ್ ಮಾಡುವವರು ಆ ಅಂಕಣದಲ್ಲಿ ಕಂಪನಿಯ ಹೆಸರು ಬರೆದು ಬೋಧಕರನ್ನು ವಿವರಣೆಗೆ ತಳ್ಳಿರುತ್ತಾರೆ. ಕೊನೆಗೆ ವಿತರಕರ ಹೆಸರು, ಜೊತೆಗೆ ವ್ಯಾಯಾಮ, ಏರೋಬಿಕ್ಸ್, ಫಿಟ್‌ನೆಸ್, ವರ್ಕೌಟ್ ಪದಗಳಲ್ಲಿ ಒಂದೊಂದನ್ನೇ ಬದಲಿಸುತ್ತಾ ಹೋಗಿ. ಪದಗಳನ್ನು ಇಂಗ್ಲಿಷಿನಲ್ಲೇ ಟೈಪ್ ಮಾಡಬೇಕು ಎಂದು ಹೇಳಬೇಕಿಲ್ಲ. ಆದರೆ ಕ್ಯಾಸೆಟ್ ಬೇರೆ ಭಾಷೆಯಲ್ಲೂ ಬಂದಿದ್ದರೆ ಆ ಭಾಷೆಯ ಶೀರ್ಷಿಕೆ ಹಾಕಿ ನೋಡುವುದನ್ನು ಬಹಳ ಜನ ಮರೆಯುತ್ತಾರೆ.

ಇಷ್ಟಾದರೂ ಬರದಿದ್ದರೆ ಒಂದೇ ಐಟಮ್‌ನಲ್ಲಿ (ಆರ್ಕೈವ್‌ನ ಒಂದು ಪುಟಕ್ಕೆ ಇರುವ ಹೆಸರು) ಇಪ್ಪತ್ತು, ಮೂವತ್ತು ಕ್ಯಾಸೆಟ್ ಸುರಿದಿರುವ ಕಂತೆಗಳ ಕಡೆ ತಿರುಗಬೇಕು. ಅಂಥ ಪುಟದಲ್ಲಿ ‘ಶೋ ಆಲ್’ ಒತ್ತಿದರೆ ಫೈಲ್ ಪಟ್ಟಿ ಪೂರ್ತಿ ತೆರೆಯುತ್ತದೆ, ಬ್ರೌಸರ್‌ನ ಸ್ವಂತ ಹುಡುಕಾಟದಿಂದ ಅದರಲ್ಲಿ ಜಾಲಾಡಬಹುದು. ಟಿವಿಯಿಂದ ರೆಕಾರ್ಡ್ ಮಾಡಿಕೊಂಡ ಕ್ಯಾಸೆಟ್‌ಗಳ ಲೆಕ್ಕವೇ ಬೇರೆ. ಟಿ-120 ಕ್ಯಾಸೆಟ್ ಎಸ್‌ಪಿ ಎಂಬ ಮಾಮೂಲಿ ವೇಗದಲ್ಲಿ 2 ಗಂಟೆ, ಇಪಿ ಎಂಬ ನಿಧಾನ ವೇಗದಲ್ಲಿ 6 ಗಂಟೆ ಹಿಡಿಯುತ್ತದೆ. ಆರು ಗಂಟೆಯ ಒಂದು ಫೈಲ್‌ಗೆ ಮೊದಲ ಕಾರ್ಯಕ್ರಮದ ಹೆಸರಷ್ಟೇ ಇಟ್ಟು, ನಿಮ್ಮ ಬೆಳಗಿನ ವ್ಯಾಯಾಮ ನಾಲ್ಕನೇ ಗಂಟೆಯಲ್ಲಿ ಕೂತಿರಬಹುದು.

ಬೇಕಿರುವುದು 1960ರ ದಶಕದ ಶಾಲಾ ವ್ಯಾಯಾಮ ಅಥವಾ ಸರ್ಕಾರಿ ಆರೋಗ್ಯ ಚಿತ್ರದಂಥದ್ದಾದರೆ ಕ್ಯಾಸೆಟ್ ಸಂಗ್ರಹದಲ್ಲಿ ಸಮಯ ಕಳೆಯಬೇಡಿ. ಅದೇ ತಾಣದ ಪ್ರೆಲಿಂಗರ್ ಸಂಗ್ರಹಕ್ಕೆ ನೇರವಾಗಿ ಹೋಗಿ.

ಪುಟ ಇದೆ, ವಿಡಿಯೊ ಇಲ್ಲ

‘ಐಟಮ್ ಲಭ್ಯವಿಲ್ಲ’ ಎಂಬ ಸಂದೇಶ ಬಂದರೆ ಅದು ಜಾಲದ ತೊಂದರೆಯಲ್ಲ. ಐಟಮನ್ನು ಸಾರ್ವಜನಿಕ ನೋಟದಿಂದ ತೆಗೆಯಲಾಗಿದೆ. ಹತ್ತು ಸಲ ರಿಫ್ರೆಶ್ ಒತ್ತಿ ಪ್ರಯೋಜನವಿಲ್ಲ. ಲಾಗಿನ್ ಕೇಳುವ ಐಟಮ್ ಬೇರೆ: ಉಚಿತ ಖಾತೆ ತೆರೆದರೆ ಅದು ಕಾಣುತ್ತದೆ. ಇಡೀ ತಾಣವೇ ತೆರೆಯದಿದ್ದರೆ ಮೂರನೇ ಬಗೆ. 2024ರ ಅಕ್ಟೋಬರ್‌ನಲ್ಲಿ ಸೈಬರ್ ದಾಳಿಯಾಗಿ ಆರ್ಕೈವ್ ದಿನಗಟ್ಟಲೆ ಸ್ಥಗಿತವಾಗಿತ್ತು. ಅಂಥ ಹೊತ್ತಿನಲ್ಲಿ ಕಾಯುವುದೊಂದೇ ದಾರಿ.

ತೆಗೆದುಹಾಕಿದ ಐಟಮ್‌ನಿಂದಲೂ ಒಂದು ಉಪಯೋಗವಿದೆ. ಅದರ ಪುಟದ ವಿಳಾಸವನ್ನು ವೇಬ್ಯಾಕ್ ಮಷೀನ್‌ನಲ್ಲಿ, ಅಂದರೆ ಜಾಲಪುಟಗಳ ಹಳೆಯ ಪ್ರತಿಗಳನ್ನು ಉಳಿಸಿಡುವ ಆರ್ಕೈವ್‌ನ ಸೇವೆಯಲ್ಲಿ, ಹಾಕಿ. ಹಿಂದೆ ಯಾವಾಗಲಾದರೂ ಆ ಪುಟ ಉಳಿದಿದ್ದರೆ ಸರಿಯಾದ ಶೀರ್ಷಿಕೆ, ಅವಧಿ, ವಿವರಣೆ ಸಿಗುತ್ತವೆ. ವಿಡಿಯೊ ಬರುವುದಿಲ್ಲ, ಆದರೆ ಗುರುತು ಖಚಿತವಾಗುತ್ತದೆ. ಗ್ರಂಥಾಲಯದ ಸೂಚಿಗೂ ಹಳೆಯ ಸರಕಿನ ಮಾರಾಟಗಾರರಿಗೂ ಕೊಡಲು ಬೇಕಾದದ್ದು ಅದೇ.

ಮುಚ್ಚಿಹೋದ ತಾಣದ ವಿಡಿಯೊ

ಬೋಧಕರ ಸ್ವಂತ ಜಾಲತಾಣದಲ್ಲಿದ್ದ ವಿಡಿಯೊ ಹುಡುಕುವಾಗ ವೇಬ್ಯಾಕ್‌ನ ಕ್ಯಾಲೆಂಡರ್‌ನಲ್ಲಿರುವ ಬಣ್ಣಗಳೇ ಅರ್ಧ ಉತ್ತರ ಹೇಳುತ್ತವೆ. ನೀಲಿ ಚುಕ್ಕೆ ಎಂದರೆ ಪುಟ ಸರಿಯಾಗಿ ಉಳಿದಿದೆ. ಹಸಿರು ಎಂದರೆ ಬೇರೆ ವಿಳಾಸಕ್ಕೆ ಕಳುಹಿಸುತ್ತಿತ್ತು. ಕಿತ್ತಳೆ ಎಂದರೆ ಪುಟವಿಲ್ಲ ಎಂಬಂಥ ದೋಷ, ಕೆಂಪು ಎಂದರೆ ಸರ್ವರ್‌ನದೇ ದೋಷ. ನೀಲಿಯನ್ನೇ ಆರಿಸಿ. ‘ಈ ವಿಳಾಸವನ್ನು ಹೊರಗಿಡಲಾಗಿದೆ’ ಎಂದು ಬಂದರೆ ತಾಣದ ಯಾವ ದಿನಾಂಕವೂ ತೆರೆಯುವುದಿಲ್ಲ, ಆ ದಾರಿ ಮುಗಿಯಿತು.

ಪುಟ ತೆರೆದು ವಿಡಿಯೊ ಇದ್ದ ಜಾಗ ಖಾಲಿ ಕಂಡರೆ ಗಾಬರಿ ಬೇಡ. ಪ್ಲೇಯರ್ ಸತ್ತಿದೆ, ಫೈಲ್ ಬದುಕಿರಬಹುದು. ಹಿಂದೆ ಬ್ರೌಸರ್‌ನಲ್ಲಿ ವಿಡಿಯೊ ಓಡಿಸುತ್ತಿದ್ದ ಫ್ಲ್ಯಾಶ್‌ಗೆ ಅದರ ಕಂಪನಿ ಅಡೋಬಿ 2020ರ ಡಿಸೆಂಬರ್ 31ಕ್ಕೆ ಬೆಂಬಲ ನಿಲ್ಲಿಸಿತು. ಅದರಲ್ಲಿ ಕಟ್ಟಿದ ಪ್ಲೇಯರ್‌ಗಳು ಹಾಗೆ ಖಾಲಿಯಾದವು. ಪುಟದ ಮೂಲ ಕೋಡ್ ತೆರೆದು ಎಫ್‌ಎಲ್‌ವಿ, ಎಂಪಿ4, ಡಬ್ಲ್ಯುಎಂವಿ, ಎಂಒವಿ, ಆರ್‌ಎಂ ಎಂದು ಕೊನೆಯಾಗುವ ವಿಳಾಸ ಹುಡುಕಿ, ಅದನ್ನೇ ವೇಬ್ಯಾಕ್‌ನಲ್ಲಿ ಹಾಕಿ. ಸಿಕ್ಕ ಎಫ್‌ಎಲ್‌ವಿ ವಿಎಲ್‌ಸಿ ಪ್ಲೇಯರ್‌ನಲ್ಲಿ ಯಾವ ತಕರಾರೂ ಇಲ್ಲದೆ ಓಡುತ್ತದೆ.

ಇದಕ್ಕಿಂತ ಬೇಗದ ದಾರಿಯೂ ಇದೆ. ತಾಣದ ವಿಳಾಸದ ಕೊನೆಗೆ ಓರೆಗೆರೆ, ನಕ್ಷತ್ರ ಚಿಹ್ನೆ ಹಾಕಿದರೆ ಉಳಿದಿರುವ ವಿಳಾಸಗಳ ಪಟ್ಟಿ ಬರುತ್ತದೆ. ಅದರ ಮೇಲಿನ ಸೋಸುವ ಪೆಟ್ಟಿಗೆಯಲ್ಲಿ ‘ವಿಡಿಯೊ’ ಎಂದು ಇಂಗ್ಲಿಷಿನಲ್ಲಿ ಬರೆಯಿರಿ. ಪುಟಗಳನ್ನು ಒಂದೊಂದಾಗಿ ತೆರೆಯುವ ಕೆಲಸ ತಪ್ಪುತ್ತದೆ. ದೊಡ್ಡ ತಾಣವಾದರೆ ಪಟ್ಟಿ 10,000 ಸಾಲಿಗೆ ನಿಲ್ಲುತ್ತದೆ. ಆಗ ವಿಡಿಯೊ ಇಟ್ಟ ಫೋಲ್ಡರಿನ ವಿಳಾಸ ಸೇರಿಸಿ ಪಟ್ಟಿಯನ್ನು ಕಿರಿದು ಮಾಡಬೇಕು.

ಫೈಲ್ ಇಳಿಯಿತು, ಗಾತ್ರ ಮಾತ್ರ 1 ಕೆಬಿ. ಇದಕ್ಕೆ ಎರಡು ಕಾರಣ. ಆರ್‌ಎಎಂ ಅಥವಾ ಎಎಸ್‌ಎಕ್ಸ್ ಫೈಲ್ ಆಗಿದ್ದರೆ ಅದು ವಿಡಿಯೊವೇ ಅಲ್ಲ, ವಿಡಿಯೊ ಎಲ್ಲಿದೆ ಎಂದು ಬರೆದ ಚೀಟಿ. ನೋಟ್‌ಪ್ಯಾಡ್‌ನಲ್ಲಿ ತೆರೆದರೆ ನಿಜವಾದ ವಿಳಾಸ ಕಾಣುತ್ತದೆ. ಆ ವಿಳಾಸ ಎಚ್‌ಟಿಟಿಪಿ ಎಂದು ಶುರುವಾದರೆ ಆಸೆಯಿದೆ; ಆರ್‌ಟಿಎಸ್‌ಪಿ, ಎಂಎಂಎಸ್ ಅಥವಾ ಆರ್‌ಟಿಎಂಪಿ ಎಂದಾದರೆ ಅದು ಹರಿದು ಬರುತ್ತಿದ್ದ ವಿಡಿಯೊ, ವೇಬ್ಯಾಕ್‌ನ ಜಾಲಾಟಕ್ಕೆ ಸಿಕ್ಕಿರುವುದಿಲ್ಲ. ಎಂಪಿ4 ಎಂಬ ಹೆಸರಿನ ಫೈಲೇ ಅಷ್ಟು ಚಿಕ್ಕದಾಗಿದ್ದರೆ ಒಳಗಿರುವುದು ದೋಷದ ಪುಟ, ಹೆಸರು ಮಾತ್ರ ಎಂಪಿ4. ವೇಬ್ಯಾಕ್ ವಿಳಾಸದಲ್ಲಿರುವ 14 ಅಂಕೆಯ ದಿನಾಂಕದ ಬೆನ್ನಿಗೇ ಇಂಗ್ಲಿಷಿನ ‘ಐಡಿ’ ಅಕ್ಷರಗಳನ್ನು ಸಣ್ಣಕ್ಷರದಲ್ಲಿ ಬರೆದು ಒಂದು ಅಡಿಗೆರೆ ಹಾಕಿದರೆ, ಮೇಲ್ಪಟ್ಟಿ ಏನೂ ಸೇರದ ಮೂಲ ಫೈಲ್ ಬರುತ್ತದೆ. ಜೊತೆಗೆ ಬೇರೆ ದಿನಾಂಕಗಳನ್ನೂ ಹಾಕಿ ನೋಡಿ.

ಬಹಳ ಜನ ಕೈಹಾಕದ ಒಂದು ಮೂಲೆ ಇದೆ, ವಿಡಿಯೊ ಪಾಡ್‌ಕಾಸ್ಟ್. 2005ರ ನಂತರ ಅನೇಕ ಬೋಧಕರು ವ್ಯಾಯಾಮದ ಕಂತುಗಳನ್ನು ಪಾಡ್‌ಕಾಸ್ಟ್ ಆಗಿ ಕೊಟ್ಟರು. ಅವುಗಳ ಆರ್‌ಎಸ್‌ಎಸ್ ಫೀಡ್, ಅಂದರೆ ಕಂತುಗಳ ಪಟ್ಟಿ, ಬರೀ ಪಠ್ಯ. ಪ್ರತಿ ಕಂತಿನ ನೇರ ವಿಳಾಸ ಅದರಲ್ಲೇ ಇರುತ್ತದೆ. ತಾಣದ ಮುಖಪುಟಕ್ಕಿಂತ ಫೀಡಿನ ವಿಳಾಸವನ್ನು ವೇಬ್ಯಾಕ್‌ಗೆ ಕೊಡಿ. ಇನ್ನು ಹಣ ಕಟ್ಟಿ ಲಾಗಿನ್ ಆಗುತ್ತಿದ್ದ ಸದಸ್ಯರ ವಿಭಾಗದ ವಿಡಿಯೊಗಳು? ಅಲ್ಲಿಗೆ ಜಾಲಾಟದ ಯಂತ್ರ ಕಾಲಿಟ್ಟೇ ಇಲ್ಲ. ವೇಬ್ಯಾಕ್‌ನಲ್ಲಿ ಹುಡುಕುವುದು ವ್ಯರ್ಥ.

ಅಳಿಸಿಹೋದ ಯೂಟ್ಯೂಬ್ ವಿಡಿಯೊ

ಇಲ್ಲಿ ಕೀಲಿ ಎಂದರೆ 11 ಅಕ್ಷರದ ಐಡಿ. ಹಳೆಯ ಪ್ಲೇಲಿಸ್ಟ್, ಬುಕ್‌ಮಾರ್ಕ್, ಮಿಂಚಂಚೆಯಲ್ಲಿ ಕಳುಹಿಸಿದ ಲಿಂಕ್, ಎಲ್ಲಿಂದಾದರೂ ಅದನ್ನು ತೆಗೆಯಿರಿ. ಐಡಿಯನ್ನು ಉದ್ಧರಣ ಚಿಹ್ನೆಯೊಳಗೆ ಹಾಕಿ ಸರ್ಚ್ ಎಂಜಿನ್‌ನಲ್ಲಿ ಹುಡುಕಿದರೆ ಯಾರೋ ಎಲ್ಲೋ ಶೀರ್ಷಿಕೆ ಸಮೇತ ಬರೆದಿಟ್ಟದ್ದು ಸಿಗಬಹುದು. ಇಂಟರ್ನೆಟ್ ಆರ್ಕೈವ್‌ಗೆ ಯೂಟ್ಯೂಬ್‌ನಿಂದ ಸ್ವಯಂಚಾಲಿತ ಸಾಧನದಲ್ಲಿ ಏರಿಸಿದ ಅನೇಕ ಐಟಮ್‌ಗಳ ಹೆಸರು ‘ಯೂಟ್ಯೂಬ್’ ಪದ, ಅಡ್ಡಗೆರೆ, ಆಮೇಲೆ ಆ ಐಡಿ ಎಂಬ ಕ್ರಮದಲ್ಲಿರುತ್ತದೆ. ಅದನ್ನೂ ಹಾಕಿ ನೋಡಿ. ವೇಬ್ಯಾಕ್‌ನಲ್ಲಿ ವಿಡಿಯೊ ಉಳಿದಿರುವುದು ಕಡಿಮೆ, ಪುಟ ಉಳಿದಿರುವುದು ಹೆಚ್ಚು. ಐಡಿಯಲ್ಲಿ ದೊಡ್ಡಕ್ಷರ, ಸಣ್ಣಕ್ಷರ ಅದಲುಬದಲಾದರೆ ಅದು ಬೇರೆಯೇ ವಿಡಿಯೊ. ಕೈಯಲ್ಲಿ ಬರೆದುಕೊಂಡ ಐಡಿ ಕೆಲಸ ಮಾಡದಿದ್ದರೆ ಸೊನ್ನೆ ಮತ್ತು ಓ, ಒಂದು ಮತ್ತು ಎಲ್, ಇವುಗಳನ್ನು ಅದಲುಬದಲು ಮಾಡಿ.

ಇಳಿಸಿದ ಫೈಲ್ ತೆರೆಯುವುದಿಲ್ಲ

ಅರ್ಧಕ್ಕೆ ನಿಂತ ಎಂಪಿ4 ಒಂದು ಸೆಕೆಂಡೂ ಓಡದಿರಬಹುದು. ಫೈಲಿನ ಸೂಚಿ ಕೊನೆಯಲ್ಲಿದ್ದರೆ, ಕೊನೆ ಬಾರದೆ ಪ್ಲೇಯರ್‌ಗೆ ಏನೂ ಅರ್ಥವಾಗದು. ದುರಸ್ತಿಗೆ ಹೊರಡುವ ಮುನ್ನ ಐಟಮ್‌ನ ಫೈಲ್ ಪಟ್ಟಿಯಲ್ಲಿರುವ ಗಾತ್ರದೊಂದಿಗೆ ನಿಮ್ಮ ಗಾತ್ರ ಹೋಲಿಸಿ. ಗಾತ್ರ ಸರಿಯಿದ್ದೂ ಓಡದಿದ್ದರೆ, ಪಟ್ಟಿಯಲ್ಲೇ ಇರುವ ಎಕ್ಸ್‌ಎಂಎಲ್ ಫೈಲ್‌ನಲ್ಲಿ ಎಂಡಿ5 ಮೊತ್ತ, ಅಂದರೆ ಫೈಲಿನ ಬೆರಳಚ್ಚಿನಂಥ ಗುರುತು, ಬರೆದಿರುತ್ತದೆ. ವಿಂಡೋಸ್‌ನ ಸರ್ಟ್‌ಯುಟಿಲ್ ಅಥವಾ ಲಿನಕ್ಸ್‌ನ ಎಂಡಿ5ಸಮ್‌ನಿಂದ ನಿಮ್ಮ ಫೈಲಿನ ಮೊತ್ತ ತೆಗೆದು ತಾಳೆ ನೋಡಿ. ತಾಳೆಯಾಗದಿದ್ದರೆ ಮತ್ತೆ ಇಳಿಸಬೇಕು. ಬ್ರೌಸರ್ ಪದೇ ಪದೇ ಕಡಿದರೆ, ನಿಂತಲ್ಲಿಂದ ಮುಂದುವರಿಸುವ ಡೌನ್‌ಲೋಡ್ ತಂತ್ರಾಂಶ ಅಥವಾ ಐಟಮ್ ಜೊತೆಗಿರುವ ಟೊರೆಂಟ್ ಬಳಸಿ. ಟೊರೆಂಟ್ ತಯಾರಾದ ಮೇಲೆ ಐಟಮ್‌ಗೆ ಫೈಲ್ ಸೇರಿಸಿದ್ದರೆ ಹೊಸದು ಅದರಲ್ಲಿ ಇರದಿರಬಹುದು.

ಡಿವಿಡಿಯ ಐಎಸ್ಒ (ಇಡೀ ತಟ್ಟೆಯನ್ನು ಒಂದೇ ಫೈಲಾಗಿಸಿದ ನಕಲು) ಪೆನ್‌ಡ್ರೈವ್‌ಗೆ ನಕಲಾಗುತ್ತಿಲ್ಲ, ಜಾಗ ಮಾತ್ರ ಬೇಕಾದಷ್ಟಿದೆ ಎಂದರೆ ಫೈಲಿನದು ತಪ್ಪಲ್ಲ. ಫ್ಯಾಟ್32 ಡ್ರೈವ್ 4 ಜಿಬಿ ಮೀರಿದ ಒಂಟಿ ಫೈಲನ್ನು ಒಲ್ಲದು. ತುಂಬಿದ ಒಂದು ಪದರದ ಡಿವಿಡಿ ಅದನ್ನು ಮೀರುತ್ತದೆ. ಡ್ರೈವನ್ನು ಎಕ್ಸ್‌ಫ್ಯಾಟ್‌ಗೆ ಫಾರ್ಮ್ಯಾಟ್ ಮಾಡಿ, ಒಳಗಿರುವುದನ್ನು ಮೊದಲು ಬೇರೆಡೆ ತೆಗೆದಿಟ್ಟು.

ಓಡುತ್ತದೆ, ಆದರೆ ಸರಿಯಿಲ್ಲ

ಸಂಗೀತ ಕೇಳುತ್ತದೆ, ಬೋಧಕರ ದನಿ ಇಲ್ಲ. ವ್ಯಾಯಾಮದ ಎಷ್ಟೋ ಡಿವಿಡಿಗಳಲ್ಲಿ ಎರಡು ಧ್ವನಿ ಟ್ರ್ಯಾಕ್ ಇರುತ್ತವೆ: ಒಂದರಲ್ಲಿ ಸೂಚನೆ ಸಮೇತ, ಇನ್ನೊಂದರಲ್ಲಿ ಸಂಗೀತ ಮಾತ್ರ. ಚಿಕ್ಕದಾಗಿಸಿದ ಎಂಪಿ4ಗೆ ಒಂದೇ ಟ್ರ್ಯಾಕ್ ಬಂದಿರುತ್ತದೆ. ಪಟ್ಟಿಯಲ್ಲಿ ‘ಒರಿಜಿನಲ್’ ಎಂದಿರುವ ಐಎಸ್ಒ ಅಥವಾ ಎಂಪೆಗ್-2 ಇಳಿಸಿ, ವಿಎಲ್‌ಸಿಯ ಆಡಿಯೊ ಮೆನುವಿನಲ್ಲಿ ಟ್ರ್ಯಾಕ್ ಬದಲಿಸಿ. ಕ್ಯಾಸೆಟ್‌ನಿಂದ ಬಂದದ್ದರಲ್ಲಿ ಇದೇ ಲಕ್ಷಣಕ್ಕೆ ಕಾರಣ ಬೇರೆ: ಡಿಜಿಟಲ್ ಮಾಡುವಾಗ ಒಂದು ಚಾನೆಲ್‌ನ ಧ್ವನಿ ತರಂಗ ತಲೆಕೆಳಗಾಗಿದ್ದರೆ, ಹೆಡ್‌ಫೋನ್‌ನಲ್ಲಿ ದನಿ ವಿಚಿತ್ರವಾಗಿಯಾದರೂ ಕೇಳುತ್ತದೆ, ಫೋನಿನ ಒಂಟಿ ಸ್ಪೀಕರ್‌ನಲ್ಲಿ ಎರಡೂ ಚಾನೆಲ್ ಕೂಡಿ ದನಿ ಪರಸ್ಪರ ಅಳಿದುಹೋಗುತ್ತದೆ. ಸ್ಟಿರಿಯೊ ಮೋಡ್‌ನಲ್ಲಿ ‘ಲೆಫ್ಟ್’ ಆರಿಸಿದರೆ ಮರಳಿ ಬರುತ್ತದೆ. ದನಿ ಒಂದೇ ಕಿವಿಗೆ ಬರುತ್ತಿದ್ದರೂ ಮದ್ದು ಅದೇ ಮೆನುವಿನಲ್ಲಿದೆ.

ಕೈಕಾಲು ಬೀಸುವಾಗ ಬಾಚಣಿಗೆಯ ಹಲ್ಲಿನಂಥ ಗೆರೆ ಕಂಡರೆ ಅದು ಇಂಟರ್‌ಲೇಸ್ ಚಿತ್ರ, ಅಂದರೆ ಸಾಲು ಬಿಟ್ಟು ಸಾಲು ಎರಡು ಸಲಕ್ಕೆ ಹಿಡಿದ ಚಿತ್ರ. ವಿಎಲ್‌ಸಿಯಲ್ಲಿ ಡೀಇಂಟರ್‌ಲೇಸ್ ಆನ್ ಮಾಡಿ, ವಿಧಾನ ‘ಯಾಡಿಫ್ 2ಎಕ್ಸ್’ ಇಡಿ. ವೇಗದ ಹೆಜ್ಜೆಗಳು ಆಗ ನುಣುಪಾಗುತ್ತವೆ. ಏನೂ ಬದಲಾಗದಿದ್ದರೆ ಗೆರೆಗಳು ಮರುಸಂಕುಚನದಲ್ಲೇ ಚಿತ್ರದೊಳಗೆ ಬೆರೆತಿವೆ, ಮೂಲ ಫೈಲೇ ಬೇಕು. ಕ್ಯಾಸೆಟ್ ಚಿತ್ರದ ಕೆಳ ಅಂಚಿನಲ್ಲಿ ಒಂದಿಷ್ಟು ಅಲುಗುವ ಗೆರೆಗಳಿದ್ದರೆ ಅದು ದೋಷವಲ್ಲ, ವಿಎಚ್‌ಎಸ್‌ನ ಸ್ವಭಾವ. ದೇಹಗಳು ಅಗಲವಾಗಿ ಕಂಡರೆ ಅನುಪಾತವನ್ನು 4:3ಕ್ಕೆ ತನ್ನಿ.

ವ್ಯಾಯಾಮದ ಭಾಗಗಳು ಕ್ರಮ ತಪ್ಪಿವೆ, ಒಂದೇ ಭಾಗ ಎರಡು ಸಲ ಬರುತ್ತದೆ. ಡಿವಿಡಿಯಲ್ಲಿ ವಿಡಿಯೊ ತುಂಬಿರುವ ವಿಒಬಿ ಫೈಲ್‌ಗಳನ್ನು ಸಾಲಾಗಿ ಅಂಟಿಸಿದ್ದಾರೆ ಎಂದರ್ಥ. ‘ಬರೀ ಕಾಲು’, ‘ಬರೀ ಹೊಟ್ಟೆ’, ‘20 ನಿಮಿಷ’ ಎಂಬ ಆಯ್ಕೆಗಳು ಮೆನುವಿನ ಆಜ್ಞೆಯಿಂದ ಜೋಡಣೆಯಾಗುತ್ತವೆ, ವಿಒಬಿಯಲ್ಲಿ ಆ ಕ್ರಮ ಇರುವುದಿಲ್ಲ. ಐಎಸ್ಒ ಅಥವಾ ಪೂರ್ತಿ ‘ವಿಡಿಯೊ ಟಿಎಸ್’ ಫೋಲ್ಡರನ್ನು ತಟ್ಟೆಯಾಗಿ ತೆರೆದು ಮೆನುವಿನಿಂದಲೇ ಆರಿಸಿ.

ಎಡ, ಬಲ ಅದಲುಬದಲು. ವಿಡಿಯೊ ತಾಣಗಳ ಸ್ವಯಂಚಾಲಿತ ಪತ್ತೆ ತಪ್ಪಿಸಲು ಕೆಲವರು ಚಿತ್ರವನ್ನು ಕನ್ನಡಿಯಂತೆ ತಿರುಗಿಸಿ ಹಾಕುತ್ತಾರೆ. ಹಿಂದಿನ ಗೋಡೆಯಲ್ಲೋ ಅಂಗಿಯ ಮೇಲೋ ಅಕ್ಷರ ತಿರುಗಿದ್ದರೆ ಖಚಿತ. ಅಕ್ಷರ ನೇರವಿದ್ದರೆ ತಪ್ಪು ತಿಳಿಯಬೇಡಿ, ನೋಡುವವರಿಗೆ ಸುಲಭವಾಗಲಿ ಎಂದು ಬೋಧಕರೇ ‘ಬಲ’ ಎನ್ನುತ್ತಾ ತಮ್ಮ ಎಡಗೈ ಎತ್ತುವುದುಂಟು. ವೇಗವನ್ನೂ ಪರೀಕ್ಷಿಸಿ. ಕವರ್ ಮೇಲೆ 60 ನಿಮಿಷ ಎಂದಿದ್ದು ಫೈಲ್ 57 ನಿಮಿಷ 36 ಸೆಕೆಂಡ್ ಇದ್ದರೆ, ಸೆಕೆಂಡಿಗೆ 24 ಚೌಕಟ್ಟಿನ ಫಿಲ್ಮ್ 25ರ ಪಾಲ್ ಟಿವಿ ವ್ಯವಸ್ಥೆಗೆ ಹೋಗಿದೆ, ಶೇ 4ರಷ್ಟು ಬೇಗ ಓಡುತ್ತಿದೆ. ಪ್ಲೇಯರ್ ವೇಗವನ್ನು 0.96 ಮಾಡಿದರೆ ತಾಳ ಸರಿಹೋಗುತ್ತದೆ. ಹಳೆಯ ಕ್ಯಾಸೆಟ್‌ಗಳಲ್ಲಿ ಬರುವ ಜಗ್ಗಿ ಜಗ್ಗಿ ಬಾಗುವ ಚಾಚುವಿಕೆ, ಕತ್ತನ್ನು ಪೂರ್ತಿ ಸುತ್ತುವುದು, ಇವನ್ನು ಮಾತ್ರ ಯಾವ ವೇಗದಲ್ಲೂ ಬಿಟ್ಟುಬಿಡುವುದು ಒಳ್ಳೆಯದು.

ಯಾವ ಆರ್ಕೈವ್‌ನಲ್ಲೂ ಇಲ್ಲ

ಮಾರಾಟ ನಿಂತಿದೆ ಎಂದರೆ ಹಕ್ಕು ಮುಗಿದಿದೆ ಎಂದಲ್ಲ. ಕಂಪನಿಯ ಹೆಸರಿನಲ್ಲಿ 1982ರಲ್ಲಿ ಬಿಡುಗಡೆಯಾದ ಅಮೆರಿಕದ ಕೃತಿಗೆ 95 ವರ್ಷದ ರಕ್ಷಣೆಯಿದೆ, ಅಂದರೆ 2077ರ ಕೊನೆಯವರೆಗೆ. ಹಕ್ಕುದಾರರು ಕೇಳಿದಾಗ ಆರ್ಕೈವ್ ತೆಗೆಯುವುದು ಇದರಿಂದಲೇ. ಹಾಗೆ ತೆಗೆದದ್ದನ್ನು ಮತ್ತೆ ಏರಿಸಿದರೆ ಮತ್ತೆ ಹೋಗುತ್ತದೆ.

ಈ ಹಂತದಲ್ಲಿ ಮೊದಲು ನೋಡಬೇಕಾದ್ದು ಹಕ್ಕುದಾರರ ಈಗಿನ ತಾಣ. ಹಳೆಯ ಕ್ಯಾಸೆಟ್‌ಗಳು ಹೊಸ ಹೆಸರಲ್ಲಿ ಡಿಜಿಟಲ್ ಬಾಡಿಗೆಗೆ ಬಂದಿರುವುದು ಅಪರೂಪವಲ್ಲ, ಕಾಪಿರೈಟ್ ದಾಖಲೆಯಲ್ಲಿ ಸಿಕ್ಕ ಹೆಸರು ಇಲ್ಲಿ ನೆರವಿಗೆ ಬರುತ್ತದೆ. ಎರಡನೆಯದು ವರ್ಲ್ಡ್‌ಕ್ಯಾಟ್ ತೋರಿಸುವ ಗ್ರಂಥಾಲಯ. ನಿಮ್ಮ ಗ್ರಂಥಾಲಯದ ಮೂಲಕ ಅಂತರ-ಗ್ರಂಥಾಲಯ ಎರವಲು ಕೇಳಿ, ಆದರೆ ಕ್ಯಾಸೆಟ್‌ಗಳನ್ನು ಹೊರಗೆ ಕಳುಹಿಸಲು ಒಪ್ಪದವರೂ ಇದ್ದಾರೆ. ಮೂರನೆಯದು ಹಳೆಯ ಸರಕು. ಬಾರ್‌ಕೋಡ್ ಮತ್ತು ಕ್ಯಾಟಲಾಗ್ ಸಂಖ್ಯೆಯಿಂದ ಹುಡುಕಿ, ಕೊಳ್ಳುವ ಮುನ್ನ ಪಕ್ಕೆಯ ಚಿತ್ರ ತರಿಸಿಕೊಂಡು ಅದೇ ಆವೃತ್ತಿ ಎಂದು ಖಾತ್ರಿ ಮಾಡಿಕೊಳ್ಳಿ. ಡಿವಿಡಿಯಾದರೆ ಪ್ರಾಂತ್ಯ ಸಂಖ್ಯೆ (ರೀಜನ್ ಕೋಡ್) ನಿಮ್ಮ ಪ್ಲೇಯರ್‌ಗೆ ಹೊಂದಬೇಕು. ಕ್ಯಾಸೆಟ್ ಆದರೆ ಅಮೆರಿಕದ ಟಿವಿ ವ್ಯವಸ್ಥೆಯಾದ ಎನ್‌ಟಿಎಸ್‌ಸಿಯೋ ಪಾಲೋ ಎಂದು ಕೇಳಬೇಕು. ಒಂದೇ ವ್ಯವಸ್ಥೆಯ ವಿಸಿಆರ್‌ನಲ್ಲಿ ಇನ್ನೊಂದರ ಕ್ಯಾಸೆಟ್ ಹಾಕಿದರೆ ಚಿತ್ರ ಉರುಳುತ್ತದೆ ಅಥವಾ ಕಪ್ಪು-ಬಿಳುಪಾಗುತ್ತದೆ, ಕ್ಯಾಸೆಟ್ ಕೆಟ್ಟಿದೆ ಎಂದು ವಾಪಸ್ ಕಳುಹಿಸುವವರೇ ಹೆಚ್ಚು.